ಉದ್ದ ಬಟನ್ನು ಅವ್ವನ ಪಾಲು

ಮಹಾಲಯ ಅಮಾವಾಸ್ಯೆಯ ರಾತ್ರಿ. ಚಿಕ್ಕರಸಿನಕೆರೆಯಿಂದ ತೋಟದ ಮನೆಗಳ ಕಡೆಗೆ ಹೋಗುವ ಗಾಡಿದಾರಿಯಲ್ಲಿ ಚಲುವರಾಜು ಒಬ್ಬನೇ ನಡೆದು ಬರುತ್ತಿದ್ದ. ಚಲುವರಾಜು ಅಂದರೆ ಬೇರೆ ಯಾರೋ ಅಲ್ಲ, ನಮ್ಮ ಸೋದರತ್ತೆಯ ಮಗ. ಮದ್ದೂರಿನಲ್ಲಿ ಕಂಪ್ಯೂಟರ್ ರಿಪೇರಿ ಅಂಗಡಿ ಇಟ್ಟುಕೊಂಡಿದ್ದಾನೆ. ಅವತ್ತು ಬೈಕು ಪಂಕ್ಚರಾಗಿ ಅಂಗಡಿಯ ಮುಂದೆಯೇ ನಿಂತಿತ್ತು. ಹೆಗಲ ಮೇಲೆ ಲ್ಯಾಪ್‌ಟಾಪಿನ ಚೀಲ.

ಆ ದಾರಿಯಲ್ಲಿ ಒಂದು ಸೇದುವ ಬಾವಿ ಇದೆ. ಪಕ್ಕದಲ್ಲಿ ಆಲದ ಮರ. ಈಗ ಅಲ್ಲಿ ಯಾರೂ ನೀರು ಸೇದುವುದಿಲ್ಲ, ರಾಟೆ ಮಾತ್ರ ಹಾಗೇ ಉಳಿದಿದೆ. ಗಾಳಿ ಬಂದರೆ ಕಿರ್ರ್… ಅನ್ನುತ್ತದೆ.

ಅವತ್ತು ಗಾಳಿ ಇರಲಿಲ್ಲ. ರಾಟೆ ಸುಮ್ಮನಿತ್ತು.

ಟಕ್.

ಚಲುವರಾಜು ನಿಂತ.

ಟಕ್… ಟಕ್ ಟಕ್.

ಹಲ್ಲಿ ಲೊಚಗುಟ್ಟಿದ್ದಲ್ಲ. ಮರದಿಂದ ಹಣ್ಣು ಉದುರಿದ್ದೂ ಅಲ್ಲ. ದಿನ ಬೆಳಗಾದರೆ ಅವನು ಕೇಳುವ ಸದ್ದು ಅದು. ಕಂಪ್ಯೂಟರಿನ ಬಟನ್ನು ಒತ್ತುವ ಸದ್ದು. ಬರುತ್ತಿದ್ದದ್ದು ಅವನ ಬೆನ್ನ ಮೇಲಿನ ಚೀಲದೊಳಗಿಂದ. ಅವನೇ ಕೈಯಾರೆ ಲ್ಯಾಪ್‌ಟಾಪನ್ನು ಆಫ್ ಮಾಡಿ, ಮಡಚಿ, ಚೀಲಕ್ಕೆ ಹಾಕಿ ಜಿಪ್ಪು ಎಳೆದಿದ್ದ. ಮಡಚಿದ ಲ್ಯಾಪ್‌ಟಾಪಿನೊಳಗೆ ಒಂದು ಬೆರಳು ಹೋಗುವಷ್ಟೂ ಜಾಗ ಇರುವುದಿಲ್ಲ.

"ಯಾರು?" ಅಂದ ಮೆಲ್ಲಗೆ.

"ರಘೂ… ನೀನೇನ್ಲಾ?"

ಸದ್ದು ನಿಂತಿತು. ಅವನು ಉಸಿರು ಬಿಟ್ಟು ಒಂದು ಹೆಜ್ಜೆ ಇಟ್ಟ. ಆಗ ಮತ್ತೆ ಒಂದೇ ಒಂದು ಸಲ… ಟಕ್. ಒತ್ತಿ, ಏನಾದರೂ ಆಗುತ್ತದೇನೋ ಅಂತ ಕಾದು ನೋಡುವವರ ಹಾಗೆ.

"ತಪ್ಪಾಯ್ತು ಕಣ್ಲಾ," ಅಂದ ಚಲುವರಾಜು. ಆ ಬಾವಿಯ ಪಕ್ಕ, ಕತ್ತಲಲ್ಲಿ, ಕಣ್ಣಲ್ಲಿ ನೀರು ತುಂಬಿಕೊಂಡು. "ತಪ್ಪಾಯ್ತು."

ಆ ತಪ್ಪು ಏನು ಅಂತ ಹೇಳಬೇಕಾದರೆ ಸ್ವಲ್ಪ ಹಿಂದಕ್ಕೆ ಹೋಗಬೇಕು.

ರಘುನಂದನ್ ಅಂತ ಚಲುವರಾಜುವಿನ ಜೊತೆಗಾರ. ಇಬ್ಬರೂ ಒಂದೇ ಬೆಂಚಿನಲ್ಲಿ ಕೂತು ಓದಿದವರು. ರಘುವಿನ ತಂದೆ ಮರಿಸಿದ್ದಯ್ಯನವರು, ಮಂಡ್ಯದ ಯಾವುದೋ ಆಫೀಸಿನಲ್ಲಿ ಹರಾಜಿಗಿಟ್ಟ ಒಂದು ಕಂಪ್ಯೂಟರನ್ನು ಮಗನ ಆಸೆಗೆ ತಂದುಕೊಟ್ಟಿದ್ದರು. ಅದರಲ್ಲಿ ಇದ್ದದ್ದು ಒಂದು ದೋಣಿ ಆಟ. ನಾಲೆಯಲ್ಲಿ ಪುಟ್ಟ ದೋಣಿ ತಾನೇ ಮುಂದಕ್ಕೆ ಹೋಗುತ್ತಾ ಇರುತ್ತದೆ, ಗುರ್ರ್… ಅಂತ. ಬಂಡೆ ಅಡ್ಡ ಬಂದರೆ ಬಾಣದ ಗುರುತಿನ ಬಟನ್ನು ಒತ್ತಿ ಎಡಕ್ಕೋ ಬಲಕ್ಕೋ ತಿರುಗಿಸಬೇಕು. ಸೇತುವೆ ಬಂದರೆ ಕೆಳಗಿನ ಉದ್ದ ಬಟನ್ನು ಒತ್ತಬೇಕು. ಸೇತುವೆ ಮೇಲಕ್ಕೆದ್ದು ದಾರಿ ಬಿಡುತ್ತದೆ. ಬಂಡೆಗೆ ತಾಗಿದರೆ ಟೊಕ್. ಸೇತುವೆಗೆ ಹೊಡೆದರೆ ಬುಸ್ಸ್. ಸೇತುವೆ ಎದ್ದರೆ ಟಿಣ್.

ಬಾಣದ ಬಟನ್ನುಗಳು ರಘುವಿನವು. ಉದ್ದ ಬಟನ್ನು ಅವನ ಅವ್ವ ಮರಿತಾಯಮ್ಮನವರದು.

ಆಕೆಗೆ ಅಕ್ಷರ ಬಾರದು. ಆದರೆ ಮಗ "ಅವ್ವಾ, ಈಗ!" ಅಂದರೆ ಒತ್ತಲು ಬರುತ್ತಿತ್ತು. ಕೆಲವು ದಿನ ಕಳೆದ ಮೇಲೆ ಅವನು "ಈಗ" ಅನ್ನುವುದೂ ಬೇಕಿರಲಿಲ್ಲ. ರಘು ಪಕ್ಕದಲ್ಲಿ ಕಜ್ಜಾಯದ ತಟ್ಟೆ ಇಟ್ಟುಕೊಂಡು, ತಿಂದ ಕೈಯಲ್ಲೇ ಬಟನ್ನು ಒತ್ತುತ್ತಿದ್ದ. "ಕೈ ಒರುಸ್ಕಳ್ಳೋ, ಎಣ್ಣೆ ಕಣೋ," ಅಂತ ಆಕೆ ಗದರಿಸುತ್ತಲೇ ಸೇತುವೆ ಎತ್ತುತ್ತಿದ್ದರು. ಅವನ ಎಡಗೈ ಖಾಲಿಯೇ ಇರುತ್ತಿತ್ತು. ಬೇಕೆಂದರೆ ಅವನೇ ಉದ್ದ ಬಟನ್ನನ್ನೂ ಒತ್ತಿಕೊಳ್ಳಬಹುದಿತ್ತು. ಯಾವತ್ತೂ ಮುಟ್ಟಿದವನಲ್ಲ. "ಅದು ಅವ್ವನ ಪಾಲು," ಅನ್ನುತ್ತಿದ್ದ.

ದೊಡ್ಡವನಾದ ಮೇಲೆ ಗೆಜ್ಜಲಗೆರೆ ಕಡೆ ಕೆಲಸಕ್ಕೆ ಸೇರಿದ. ಕಂಪ್ಯೂಟರು ಕೆಟ್ಟು ಗುಜರಿಗೆ ಹೋಯಿತು. ಆಮೇಲೆ ಒಂದು ಬೇಸಿಗೆಯಲ್ಲಿ ಕಾಮಾಲೆ ಬಂದು ರಘುವೂ ಹೋಗಿಬಿಟ್ಟ.

ಈ ಸಲ ಪಿತೃಪಕ್ಷಕ್ಕೆ ಮನೆ ತೊಳೆಯುವಾಗ ಮರಿತಾಯಮ್ಮನವರಿಗೆ ಅಟ್ಟದ ಮೇಲೆ ಒಂದು ಫ್ಲಾಪಿ ಸಿಕ್ಕಿತು. ಹಳೇ ಕಂಪ್ಯೂಟರಿಗೆ ಆಟ ಹಾಕುತ್ತಿದ್ದ ಚಪ್ಪಟೆ ಕರೀ ಬಿಲ್ಲೆ, ಅದರ ಮೇಲೆ ರಘು ಕೈಯಾರೆ ಬರೆದ ಒಂದು ದೋಣಿಯ ಚಿತ್ರ. ಅದನ್ನು ಸೆರಗಿನಲ್ಲಿ ಕಟ್ಟಿಕೊಂಡು ಬಸ್ಸು ಹತ್ತಿ ಚಲುವರಾಜುವಿನ ಅಂಗಡಿಗೆ ಬಂದರು.

ಪಿತೃಪಕ್ಷದ ಎಡೆ ನಿಮಗೆ ಗೊತ್ತೇ ಇದೆ. ಹೋದವರಿಗೆ ಏನೇನು ಇಷ್ಟವೋ ಅದನ್ನೆಲ್ಲ ಎಲೆಯ ಮುಂದೆ ಇಡುತ್ತೇವೆ. ಹೊಸ ಬಟ್ಟೆ ಇಡುತ್ತೇವೆ. ಬೀಡಿ ಸೇದುತ್ತಿದ್ದವರಿಗೆ ಬೀಡಿ ಕೂಡ. ಸಾಂಬ್ರಾಣಿ ಹಾಕಿ, ಬಾಗಿಲು ಮುಂದಕ್ಕೆಳೆದು, ಮನೆಯವರೆಲ್ಲ ಹೊರಗೆ ಕೂರುತ್ತೇವೆ. ಅವರು ಬಂದು ಉಂಡು ಹೋಗಲಿ ಅಂತ.

"ಎಲ್ಲಾ ಮಡಗ್ತೀನಿ ಕಣ್ ಮಗ," ಅಂದರು ಮರಿತಾಯಮ್ಮ. "ಅಂಗಿ ಮಡಗ್ತೀನಿ, ಕೋಳಿ ಸಾರು ಮಡಗ್ತೀನಿ, ಕಜ್ಜಾಯ ಮಡಗ್ತೀನಿ. ಈ ಆಟ ಒಂದ ಮಡಗಿಲ್ಲ. ಅಟ್ಟದ ಮ್ಯಾಲಿಂದ ಅವನೇ ತೋರ್ಸವ್ನೆ. ಇದ ಆಡೋ ಅಂಗೆ ಮಾಡ್ಕೊಡು."

"ಮಾಡ್ಕೊಡ್ತೀನಿ ದೊಡ್ಡವ್ವ," ಅಂದ ಚಲುವರಾಜು. ಆ ಹೊತ್ತಿನಲ್ಲಿ ಮನಸ್ಸಿಟ್ಟೇ ಅಂದ.

ಈಗಿನ ಕಂಪ್ಯೂಟರಿಗೆ ಫ್ಲಾಪಿ ಹಾಕುವ ಬಾಯೇ ಇಲ್ಲ. ಪಕ್ಕದ ಬೀದಿಯ ಅಕ್ರಂ ಪಾಷಾ ಹಳೇ ಟೀವಿ, ರೇಡಿಯೋ ರಿಪೇರಿ ಮಾಡುವವನು, ಚಲುವರಾಜುವಿನ ಸ್ನೇಹಿತ. ಅವನ ಸಾಮಾನಿನ ರಾಶಿಯಲ್ಲಿ ಒಂದು ಫ್ಲಾಪಿ ಓದುವ ಪೆಟ್ಟಿಗೆ ಸಿಕ್ಕಿತು. ಗರ್ರ್… ಟಕ್ಕ… ಗರ್ರ್… ಅಂತ ನರಳಿಕೊಂಡು ಅದು ಓದಿಯೇ ಬಿಟ್ಟಿತು. ಆದರೆ ಆಟ ತೆರೆಯಲಿಲ್ಲ. ಈ ಯಂತ್ರದಲ್ಲಿ ಇದು ನಡೆಯುವುದಿಲ್ಲ ಅಂತ ಪರದೆಯ ಮೇಲೆ ಬಂತು. ಹೊಸ ಕಂಪ್ಯೂಟರಿನೊಳಗೆ ಹಳೇ ಕಂಪ್ಯೂಟರಿನಂತೆ ನಡೆದುಕೊಳ್ಳುವ ಒಂದು ಸಾಫ್ಟ್‌ವೇರ್ ಇದೆ. ಅದನ್ನು ತನ್ನ ಲ್ಯಾಪ್‌ಟಾಪಿಗೆ ಹಾಕಿದ. ಆಟ ತೆರೆಯಿತು. ಆದರೆ ದೋಣಿ ಹಾರಿತು! ಹಳೇ ಯಂತ್ರದ ನಿಧಾನಕ್ಕೆ ಮಾಡಿದ ಆಟ, ಹೊಸ ಯಂತ್ರದ ಅವಸರಕ್ಕೆ ಸಿಕ್ಕಿ, ಕಣ್ಣು ಮಿಟುಕಿಸುವುದರೊಳಗೆ ಟೊಕ್ ಅಂದು ಮುಗಿದುಹೋಗುತ್ತಿತ್ತು. ವೇಗ ಕಡಿಮೆ ಮಾಡಲು ದಾರಿ ಉಂಟು. ಒಂದೊಂದೇ ಮೆಟ್ಟಿಲು ಇಳಿಸುತ್ತಾ ಹೋಗಬೇಕು. ಆದರೆ ಎಲ್ಲಿಗೆ ನಿಲ್ಲಿಸಬೇಕು? ಸರಿಯಾದ ವೇಗ ಯಾವುದು ಅನ್ನುವುದು ಅವನಿಗೆ ನೆನಪಿಲ್ಲ. ತಾಳ್ಮೆಯ ಕೆಲಸ. ಅಂಗಡಿಯಲ್ಲಿ ಕಂಪ್ಯೂಟರಿನಲ್ಲಿ ಅರ್ಜಿ ಹಾಕಿಸಲು ಬಂದವರು ಬಾಗಿಲ ತನಕ ನಿಂತಿದ್ದರು. ಅಮಾವಾಸ್ಯೆ ನಾಳೆ.

ಆಗ ಅವನು ಒಂದು ಕೆಲಸ ಮಾಡಿದ. ಅದೇ ದೋಣಿ ಆಟವನ್ನು ಯಾರೋ ಆಡಿ, ಅದರ ವಿಡಿಯೋ ನೆಟ್ಟಿಗೆ ಹಾಕಿದ್ದರು. ಅದನ್ನು ಇಳಿಸಿಕೊಂಡು, ಪರದೆ ತುಂಬ ಬರುವ ಹಾಗೆ, ಮುಗಿದರೆ ಮತ್ತೆ ಮೊದಲಿಂದ ಓಡುವ ಹಾಗೆ ಮಾಡಿಟ್ಟ. ನೋಡಿದರೆ ಆಟವೇ. ಗುರ್ರ್ ಅನ್ನುತ್ತದೆ, ಟಿಣ್ ಅನ್ನುತ್ತದೆ.

ಅಕ್ರಂ ಪಾಷಾ ಬಂದು ನೋಡಿದ. "ಆಯ್ತೇನ್ ಗುರು?"

"ಆಯ್ತು. ವಿಡಿಯೋ."

ಪಾಷಾ ನಕ್ಕ. ಆಮೇಲೆ ನಗು ನಿಲ್ಲಿಸಿದ. "ಅಲ್ಲ ಚಲ್ವ, ಇದು ನಿಮ್ ಎಡೆ ಎಲೆ ಮೇಲೆ ಅನ್ನದ್ ಫೋಟೋ ಇಟ್ಟಂಗಾಯ್ತಲ್ಲೋ?"

"ಸುಮ್ನಿರಪ್ಪ. ಆ ಮುದುಕಿ ನೋಡಾಕ್ ತಾನೆ?"

"ಅಮ್ಮ ನೋಡೋಕ್ ಕೇಳಿದ್ದಾ, ಮಗ ಆಡೋಕ್ ಕೇಳಿದ್ದಾ?"

"ಓಗಲೇ, ನಿನ್ ಕೆಲ್ಸ ನೋಡ್ಕೊ," ಅಂದ ಚಲುವರಾಜು. ಅಂದನಾದರೂ, ಪಾಷಾನ ಮುಖ ನೋಡಲಿಲ್ಲ. ಚಲುವರಾಜುವೂ ನಮ್ಮ ಹಾಗೆಯೇ ದೇವರು ದಿಂಡರು ಅನ್ನುವವನು. ತನ್ನ ಅಪ್ಪನಿಗೆ ಎಡೆ ಇಟ್ಟು, ಬಾಗಿಲ ಹೊರಗೆ ಕೈಮುಗಿದು ಕೂರುವವನು. ಹೋದವರು ಬರುತ್ತಾರೆ ಅಂತ ನಂಬಿದವನೇ ಹೀಗೆ ಮಾಡಿದ.

ಅಮಾವಾಸ್ಯೆಯ ಸಾಯಂಕಾಲ ಚಿಕ್ಕರಸಿನಕೆರೆಯಲ್ಲಿ ಮರಿಸಿದ್ದಯ್ಯನವರ ಮನೆಯ ನಡುಮನೆಯಲ್ಲಿ ಎಲೆ ಹಾಕಿದರು. ಲ್ಯಾಪ್‌ಟಾಪನ್ನು ಮಣೆಯ ಮೇಲೆ ಎಲೆಯ ಪಕ್ಕಕ್ಕಿಟ್ಟರು. ದೋಣಿ ಓಡುತ್ತಿದ್ದದ್ದನ್ನು ನೋಡಿ ಮರಿತಾಯಮ್ಮ ಎರಡೂ ಕೈಯಲ್ಲಿ ಚಲುವರಾಜುವಿನ ಕೆನ್ನೆ ನೀವಿ ನೆಟಿಕೆ ಮುರಿದರು. "ನನ್ ಮಗನ ಸಮ ನೀನು," ಅಂದರು. ಅವನಿಗೆ ನೆಲ ಬಾಯಿಬಿಡಬಾರದೇ ಅನಿಸಿತು. ಎಡೆಯಾಗದೆ ಯಾರೂ ಉಣ್ಣುವ ಹಾಗಿಲ್ಲ, ಮುಟ್ಟುವ ಹಾಗಿಲ್ಲ. ಸಾಂಬ್ರಾಣಿ ಹಾಕಿ, ಬಾಗಿಲು ಎಳೆದುಕೊಂಡು, ಎಲ್ಲರೂ ಜಗಲಿಗೆ ಬಂದು ಕೂತರು.

ಒಳಗೆ ಗುರ್ರ್… ಟಿಣ್. ಗುರ್ರ್… ಟಿಣ್.

ಆಮೇಲೆ… ಟಕ್.

ಚಲುವರಾಜುವಿನ ಬೆನ್ನು ನೆಟ್ಟಗಾಯಿತು.

ಟಕ್ ಟಕ್. ಒಳಗಿನ ಸದ್ದು ಹಾರಿತು. ಗುರ್ರ್ ಅನ್ನುತ್ತಿದ್ದದ್ದು ಅರ್ಧಕ್ಕೇ ಕಡಿದು, ಮುಂದಿನ ಟಿಣ್‌ಗೆ ಜಿಗಿಯಿತು. ಟಕ್. ಮತ್ತೆ ಹಿಂದಕ್ಕೆ ಜಿಗಿಯಿತು. ಗುರ್… ಟಿಣ್… ಗುರ್… ಗುರ್…

"ಆಡ್ತಾವ್ನೆ ಕಣ್ರೀ," ಅಂತ ಪಿಸುಗುಟ್ಟಿದರು ಮರಿತಾಯಮ್ಮ, ಗಂಡನ ತೋಳು ಹಿಡಿದು. "ನನ್ ಕಂದ ಆಡ್ತಾವ್ನೆ."

ಚಲುವರಾಜುವಿಗೆ ಗೊತ್ತಿತ್ತು. ವಿಡಿಯೋ ಓಡುವಾಗ ಬಾಣದ ಬಟನ್ನು ಒತ್ತಿದರೆ ದೋಣಿ ತಿರುಗುವುದಿಲ್ಲ. ವಿಡಿಯೋ ಮುಂದಕ್ಕೆ ಹಿಂದಕ್ಕೆ ಹಾರುತ್ತದೆ, ಉದ್ದ ಬಟನ್ನು ಒತ್ತಿದರೆ ನಿಂತುಬಿಡುತ್ತದೆ, ಅಷ್ಟೇ. ಒಳಗೆ ಯಾರೋ ದೋಣಿ ತಿರುಗಿಸಲು ನೋಡುತ್ತಿದ್ದಾರೆ. ಅದು ತಿರುಗುತ್ತಿಲ್ಲ. ಟಕ್ ಟಕ್ ಟಕ್ ಟಕ್. ಒತ್ತು ಜೋರಾಯಿತು. ಆಮೇಲೆ ಸುಮ್ಮನಾಯಿತು. ಆಮೇಲೆ ಒಂದು ದಪ್ಪ ಸದ್ದು… ಧಬ್. ಒಳಗಿನ ಸದ್ದೆಲ್ಲ ನಿಂತುಹೋಯಿತು.

ಮರಿಸಿದ್ದಯ್ಯನವರು ಕೆಮ್ಮಿ, ಬಾಗಿಲು ತಟ್ಟಿ, ತೆರೆದರು. ಎಲೆಯ ಮೇಲೆ ಎಲ್ಲ ಇಟ್ಟದ್ದು ಇಟ್ಟ ಹಾಗೇ ಇತ್ತು. ಪರದೆಯ ಮೇಲೆ ದೋಣಿ ಸೇತುವೆಯ ಮುಂದೆ ನಿಂತಿತ್ತು. ಚಲುವರಾಜು ಎಲ್ಲರಿಗಿಂತ ಮುಂಚೆ ಬಗ್ಗಿ ನೋಡಿದ. ಬಾಣದ ಬಟನ್ನುಗಳ ಮೇಲೆ ಎಣ್ಣೆ. ಉದ್ದ ಬಟನ್ನಿನ ನಡುವೆಯೂ ಒಂದು ಬೆರಳಿನಷ್ಟು ಎಣ್ಣೆ, ದೀಪದ ಬೆಳಕಿಗೆ ಮಿರಮಿರ ಅನ್ನುತ್ತಿತ್ತು. ಅವನು ಅಂಗಿಯ ತೋಳಿನಿಂದ ಒರೆಸಿಬಿಟ್ಟ.

"ಆಡ್ದ ಅಲ್ವೇನ್ ಮಗ?" ಅಂದರು ಮರಿತಾಯಮ್ಮ.

"ಆಡ್ದ ಕಣ್ ದೊಡ್ಡವ್ವ," ಅಂದ.

ಒಂದು ಮೋಸಕ್ಕೆ ಇನ್ನೊಂದು ಸುಳ್ಳು ಸೇರಿತು. ಆ ಚೀಲ ಹೊತ್ತುಕೊಂಡೇ ಅವನು ಬಾವಿಯ ದಾರಿ ಹಿಡಿದದ್ದು.

ಮನೆಗೆ ಬಂದವನು ಊಟ ಬೇಡ ಅಂದ. ಹೆಂಡತಿ ಗಗನ ಮುಖ ನೋಡಿ ಕೇಳಿದಳು, "ಯಾಕೆ, ಏನಾಯ್ತು?"

"ಏನಿಲ್ಲ."

"ಬ್ಯಾಗಲ್ಲಿ ಏನದು ಟಕಟಕ ಅಂತದೆ?"

ಅವಳಿಗೂ ಕೇಳುತ್ತಿತ್ತು. ಚಲುವರಾಜು ಚೀಲವನ್ನು ದೇವರ ಗೂಡಿನ ಮುಂದಿಟ್ಟು ದೀಪ ಹಚ್ಚಿದ. ಸದ್ದು ನಿಂತಿತು. ಬೆಳಗಿನ ತನಕ ಅವನು ಅದರ ಮುಂದೆಯೇ ಕೂತಿದ್ದ. ಕೂತು ಆ ವಿಡಿಯೋ ಅಳಿಸಿ ಹಾಕಿದ. ನಿಜವಾದ ಆಟ ತೆರೆದು ವೇಗ ಇಳಿಸುತ್ತಾ ಹೋದ. ಇಳಿಸಿದ, ಏರಿಸಿದ, ಮತ್ತೆ ಇಳಿಸಿದ. ಯಾವುದು ಸರಿ? ರಘುವಿನ ಕೈಗೆ ಒಗ್ಗಿದ್ದ ವೇಗ ಯಾವುದು? ಅದನ್ನು ಬಲ್ಲವರು ಲೋಕದಲ್ಲಿ ಒಬ್ಬರೇ ಉಳಿದಿದ್ದರು. ಅವರನ್ನು ಕೇಳಬೇಕಾದರೆ ನಿಜ ಹೇಳಬೇಕಾಗಿತ್ತು.

ಬೆಳಿಗ್ಗೆ ಹೋದ. ಮರಿತಾಯಮ್ಮ ಕೊಟ್ಟಿಗೆಯ ಮುಂದೆ ಸಗಣಿ ಎತ್ತುತ್ತಿದ್ದರು. ನಿಂತಲ್ಲೇ ಎಲ್ಲ ಹೇಳಿಬಿಟ್ಟ. ಆಕೆ ಸಗಣಿ ಕೈಯಲ್ಲೇ ಎದ್ದು ನಿಂತರು. ಒಂದೇ ಕೇಳಿದರು.

"ಉದ್ದ ಬಟನ್ನೂ ಅವನೇ ಒತ್ತಿದ್ನಾ?"

"ಊಂ ಕಣ್ ದೊಡ್ಡವ್ವ. ಅದರ ಮೇಲೂ ಎಣ್ಣೆ ಇತ್ತು."

"ನಾನ್ ಬರ್ಲಿಲ್ಲ ಅಂತ ಒತ್ತವ್ನೆ." ಆಕೆ ಆಕಾಶದ ಕಡೆ ನೋಡಿದರು. "ಕಾದು ಕಾದು ಒತ್ತವ್ನೆ."

ಚಲುವರಾಜು ಅಲ್ಲೇ ಕುಸಿದು ಕಾಲು ಹಿಡಿದ. ಆಕೆ ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು ಅಂತ ಅವನು ಈಗಲೂ ಅನ್ನುತ್ತಾನೆ. "ಏಳು," ಅಂದರು. "ತತ್ತಾ ಅದ್ನ."

ಆಕೆ ಕೈ ತೊಳೆದು ಬಂದರು, ಜಗಲಿಯ ಮೇಲೆ ಇಬ್ಬರೂ ಕೂತರು. ಅವನು ವೇಗ ಇಳಿಸುತ್ತಾ ಹೋದ. ಆಕೆ ಪರದೆ ನೋಡಲೂ ಇಲ್ಲ, ಕಣ್ಣು ಮುಚ್ಚಿ ಕಿವಿಗೊಟ್ಟರು. "ಬಿರ್ರನೆ ಓಯ್ತದೆ… ಒಸಿ ನಿಧಾನ… ಇನ್ನೂ… ಅಯ್ಯೋ ಜಾಸ್ತಿ ಆಯ್ತು, ಕಪ್ಪೆ ವಟರ್‌ಗುಟ್ದಂಗೆ ಅಂತದೆ… ಒಸಿ ಮ್ಯಾಲಕ್ಕೆ…" ಅಂತ ಹೇಳುತ್ತಿದ್ದವರು ಒಂದು ಕಡೆ ತಟ್ಟನೆ ಸುಮ್ಮನಾದರು. ಬಲಗೈ ತಾನೇ ಎದ್ದು ಉದ್ದ ಬಟನ್ನಿನ ಮೇಲೆ ಬಿತ್ತು. ಟಿಣ್.

"ಇದೇ," ಅಂದರು.

ಅವತ್ತು ಸಾಯಂಕಾಲವೇ ಮತ್ತೆ ಎಡೆ ಅಂತ ಹಟ ಹಿಡಿದರು. ಮರಿಸಿದ್ದಯ್ಯನವರು ಹಿಂಜರಿದರು. "ಅಮಾಸೆ ಕಳೀತಲ್ಲಮ್ಮಿ. ಈಗ ಕರುದ್ರೆ ಬತ್ತಾನಾ?"

"ಅರೆಹೊಟ್ಟೇಲಿ ಎದ್ದೋದವನು ಎಷ್ಟು ದೂರ ಓಗಿರ್ತಾನೆ ಬುಡಿ," ಅಂದರು ಆಕೆ.

ಮನೆಯಲ್ಲಿ ಅಕ್ಕಿ ಹಿಟ್ಟು ಮುಗಿದಿತ್ತು, ಕಜ್ಜಾಯ ಸುಡಲಿಲ್ಲ, ನಿನ್ನೆಯದೂ ಉಳಿದಿರಲಿಲ್ಲ. ಮೊಸರನ್ನ, ಬಾಳೆಹಣ್ಣು, ಒಂದು ತೆಂಗಿನಕಾಯಿ. ಲ್ಯಾಪ್‌ಟಾಪನ್ನು ಎಲ್ಲರ ಎದುರಿಗೇ ಬಟ್ಟೆಯಿಂದ ಒರೆಸಿ ಮಣೆಯ ಮೇಲಿಟ್ಟರು. ಸಾಂಬ್ರಾಣಿ ಹಾಕಿ ಬಾಗಿಲು ಎಳೆದರು.

ಗುರ್ರ್…

ಚಲುವರಾಜು ಕಿವಿಯನ್ನೆಲ್ಲ ಬಾಗಿಲಿಗೆ ಕೊಟ್ಟು ಕೂತಿದ್ದ. ಆ ಆಟದಲ್ಲಿ ಮೊದಲು ಬರುವುದು ಬಂಡೆ. ಯಾರೂ ತಿರುಗಿಸದಿದ್ದರೆ ದೋಣಿ ನೆಟ್ಟಗೆ ಹೋಗಿ ಬಂಡೆಗೆ ತಾಗಲೇಬೇಕು. ಟೊಕ್ ಅನ್ನಲೇಬೇಕು.

ಟೊಕ್ ಅನ್ನಲಿಲ್ಲ.

ಟಕ್… ಟಕ್. ಗುರ್ರ್… ಬುಸ್ಸ್.

ಬಂಡೆ ದಾಟಿ ಸೇತುವೆಗೆ ಹೊಡೆದಿತ್ತು. ದೋಣಿ ಮತ್ತೆ ಮೊದಲಿಂದ ಹೊರಟಿತು. ಟಕ್… ಟಕ್ ಟಕ್. ಗುರ್ರ್… ಬುಸ್ಸ್. ಮತ್ತೆ. ಬುಸ್ಸ್. ಬಂಡೆಯನ್ನು ಒಂದು ಸಲವೂ ತಾಗಿಸಲಿಲ್ಲ. ಸೇತುವೆಯನ್ನು ಒಂದು ಸಲವೂ ಎತ್ತಲಿಲ್ಲ.

ಮರಿತಾಯಮ್ಮ ಎದ್ದು ನಿಂತರು.

"ಒಳಕ್ಕೋಗ್ಬಾರ್ದು ಕಣಮ್ಮಿ," ಅಂದರು ಮರಿಸಿದ್ದಯ್ಯ, ಉಸಿರಿನಲ್ಲೇ. "ಅವರು ಇರೋವಾಗ ಓಗ್ಬಾರ್ದು."

"ನನ್ ಪಾಲು ನಾನ್ ಒತ್ಬೇಕು."

ಬಾಗಿಲು ತೆರೆದು ಒಳಗೆ ಹೋಗಿ, ಹಿಂದಿನಿಂದ ಎಳೆದುಕೊಂಡರು. ಟಕ್… ಟಕ್. ಗುರ್ರ್…

ಟಿಣ್.

ಗುರ್ರ್… ಟಕ್ ಟಕ್… ಟಿಣ್. ಟಿಣ್. ಟಿಣ್.

ಮರಿಸಿದ್ದಯ್ಯನವರು ಟವೆಲ್ಲಿನಲ್ಲಿ ಮುಖ ಮುಚ್ಚಿಕೊಂಡರು. ಚಲುವರಾಜು ಕೈಮುಗಿದು ಕೂತ. ಎಷ್ಟು ಹೊತ್ತು ಅಂತ ಇಬ್ಬರಿಗೂ ಗೊತ್ತಿಲ್ಲ. ಕೊನೆಗೆ ದೋಣಿಯ ಸದ್ದು ದೂರ ದೂರಕ್ಕೆ ಹೋದಂತಾಗಿ ಸಣ್ಣಗಾಯಿತು. ಬಾಗಿಲು ತೆರೆಯಿತು. ಮರಿತಾಯಮ್ಮ ಬಲಗೈಯನ್ನು ಸೆರಗಿಗೆ ಒರೆಸಿಕೊಳ್ಳುತ್ತಾ ಹೊರಗೆ ಬಂದರು.

"ಏನಾಯ್ತು ದೊಡ್ಡವ್ವ?" ಅಂದ ಚಲುವರಾಜು.

"ಏನಿಲ್ಲ ಬುಡು." ಆಕೆಯ ದನಿ ದಿನದ ದನಿಯೇ. "ಕೈ ಎಲ್ಲಾ ಎಣ್ಣೆ ಅವಂದು. ಯಾವತ್ ಒರುಸ್ಕಂಡವ್ನೆ."

ಚಲುವರಾಜು ಈಗಲೂ ಪ್ರತಿ ವರ್ಷ ಆ ದಿನ ಅಂಗಡಿ ಮುಚ್ಚಿ, ತನ್ನ ಅಪ್ಪನ ಎಡೆಗಿಂತ ಮುಂಚೆ ಅಲ್ಲಿಗೆ ಹೋಗಿ ಆಟ ಹಚ್ಚಿ ಬರುತ್ತಾನೆ. ಆಕೆ ಕ್ಷಮಿಸಿದರಲ್ಲಪ್ಪ ಅಂದರೆ ತಲೆ ತಗ್ಗಿಸುತ್ತಾನೆ. ರಘುವನ್ನು ಕಾಯಿಸಿದ್ದಂತೂ ಕಾಯಿಸಿದೆನಲ್ಲ, ಅನ್ನುತ್ತಾನೆ.

ನಂಬದವರು ನಂಬಬೇಡಿ. ನಾನು ಕಾಲಭೈರವನ ಮೇಲೆ ಆಣೆ ಇಟ್ಟು ಹೇಳುವವನು, ಮರಿತಾಯಮ್ಮನವರ ಆ ಸೀರೆಯನ್ನು ಈ ಕಣ್ಣಿಂದ ನೋಡಿದ್ದೇನೆ, ಕೈಯಲ್ಲಿ ಮುಟ್ಟಿದ್ದೇನೆ. ಸೆರಗಿನ ಅಂಚಿನಲ್ಲಿ ಎಣ್ಣೆಯ ಕಲೆ ಇದೆ. ಎಷ್ಟು ಒಗೆದರೂ ಹೋಗಿಲ್ಲ. ಮೂಗಿಗೆ ಹಿಡಿದರೆ ಬೆಲ್ಲ, ಏಲಕ್ಕಿ.

ಅವತ್ತು ಆ ಮನೆಯಲ್ಲಿ ಒಲೆಯ ಮೇಲೆ ಬಾಣಲೆ ಇಟ್ಟಿರಲಿಲ್ಲ.